ಜಗಳ ಇಬ್ಬರದು, ಸಹಿ ಮೂವರದು: ವಿಚ್ಛೇದನದ ನಡುವೆ ಮನೆ ಹರಾಜಿಗೆ ಬಂದಾಗ

ಗೇಟಿಗೆ ಅಂಟಿಸಿದ ಕಾಗದ ಮೊದಲು ಕಣ್ಣಿಗೆ ಬೀಳುವುದು ಹಾಲಿನವರಿಗೆ, ಇಲ್ಲವೇ ಎದುರು ಮನೆಯವರಿಗೆ. ಅವರು ಬೆಲ್ ಒತ್ತಿ ಹೇಳಿದ ಮೇಲೆಯೇ ಒಳಗಿರುವಾಕೆಗೆ ಗೊತ್ತಾಗುವುದು. ಮೇಲೆ ‘ಸ್ವಾಧೀನ ನೋಟಿಸ್’ ಎಂಬ ತಲೆಬರಹ. ಕೆಳಗೆ ಗಂಡನ ಹೆಸರು, ಅದರ ಪಕ್ಕದಲ್ಲೇ ತನ್ನ ಹೆಸರು, ಬಾಕಿ ಮೊತ್ತ, ಮನೆಯ ಚಕ್ಕುಬಂದಿ, ಕೊನೆಗೆ ಬ್ಯಾಂಕಿನ ಅಧಿಕೃತ ಅಧಿಕಾರಿಯ ಸಹಿ ಮತ್ತು ಮೊಹರು. ಗಂಡ ಮನೆ ಬಿಟ್ಟು ವರ್ಷವಾಗಿದೆ. ಕುಟುಂಬ ನ್ಯಾಯಾಲಯದಲ್ಲಿ ವಿಚ್ಛೇದನದ ಅರ್ಜಿ ನಡೆಯುತ್ತಿದೆ. ಕಂತು ಯಾರು ಕಟ್ಟಬೇಕು ಎಂಬುದೇ ಅಲ್ಲಿನ ದೊಡ್ಡ ಜಗಳ. ‘ಕೋರ್ಟಿನಲ್ಲಿ ಕೇಸ್ ಇರುವಾಗ ಬ್ಯಾಂಕಿನವರು ಹೇಗೆ ಮಾರ್ತಾರೆ?’ ಎಂಬುದು ಆಕೆ ಕೇಳುವ ಮೊದಲ ಪ್ರಶ್ನೆ.

ಮಾರುತ್ತಾರೆ. ಕೇಳಲು ಕಹಿಯಾದರೂ ಉತ್ತರ ಅಷ್ಟೇ. ಆದರೆ ಆ ಮಾರಾಟವನ್ನು ಯಾರು, ಎಲ್ಲಿ, ಯಾವ ಕಾರಣಕ್ಕೆ, ಎಷ್ಟು ದಿನದೊಳಗೆ ಪ್ರಶ್ನಿಸಬಹುದು ಎಂದು ಕೇಳಿದರೆ ಉತ್ತರ ಇಷ್ಟು ನಿರಾಶೆಯದಲ್ಲ.

ಮದುವೆ ಇಬ್ಬರ ನಡುವಿನದು. ಅಡಮಾನದಲ್ಲಿ ಮೂರನೆಯವರೊಬ್ಬರಿದ್ದಾರೆ, ಅವರಿಗೆ ನಿಮ್ಮ ಮದುವೆ ಉಳಿಯಿತೋ ಮುರಿಯಿತೋ ಸಂಬಂಧವಿಲ್ಲ. 2002ರ ಸರ್ಫೇಸಿ ಕಾಯ್ದೆ ಬಂದ ಮೇಲೆ ಬ್ಯಾಂಕುಗಳು ಅಡಮಾನದ ಆಸ್ತಿಯನ್ನು ಮಾರಲು ಸಿವಿಲ್ ಕೋರ್ಟಿಗೆ ಹೋಗಿ ಡಿಕ್ರಿ ತರಬೇಕಿಲ್ಲ. ತಾವೇ ನೋಟಿಸ್ ಕೊಟ್ಟು, ತಾವೇ ಸ್ವಾಧೀನ ಪಡೆದು, ತಾವೇ ಹರಾಜು ಹಾಕಬಹುದು. ಈ ಕಾಯ್ದೆಯಡಿ ಬ್ಯಾಂಕು ತೆಗೆದುಕೊಂಡ ಕ್ರಮಕ್ಕೆ ಬೇರೆ ಯಾವ ನ್ಯಾಯಾಲಯವೂ ತಡೆಯಾಜ್ಞೆ ಕೊಡಬಾರದೆಂದು ಅದರ 34ನೇ ಸೆಕ್ಷನ್ ಹೇಳುತ್ತದೆ. ಹಾಗಾಗಿ ಕುಟುಂಬ ನ್ಯಾಯಾಲಯದಿಂದ ತಂದ ‘ಯಥಾಸ್ಥಿತಿ’ ಆದೇಶ ಗಂಡನ ಕೈ ಕಟ್ಟುತ್ತದೆ. ಅವನು ಮನೆಯನ್ನು ಗುಟ್ಟಾಗಿ ಯಾರಿಗೋ ಕ್ರಯ ಮಾಡಿಕೊಡದಂತೆ ತಡೆಯಲು ಅದು ಒಳ್ಳೆಯ ಅಸ್ತ್ರವೇ. ಬ್ಯಾಂಕಿನ ಅಧಿಕಾರಿ ಮಾತ್ರ ಅದನ್ನು ಓದಿ ಫೈಲಿಗೆ ಸೇರಿಸಿ, ಹರಾಜಿನ ಕೆಲಸ ಮುಂದುವರಿಸುತ್ತಾನೆ.

ಇನ್ನೊಂದು ತಪ್ಪು ತಿಳಿವಳಿಕೆಯೂ ಇದೆ. ಮದುವೆಯ ನಂತರ ಕೊಂಡದ್ದೆಲ್ಲ ಇಬ್ಬರಿಗೂ ಅರ್ಧರ್ಧ ಎಂದು ಸಿನಿಮಾ ನೋಡಿ ನಂಬಿದವರಿದ್ದಾರೆ. ಪಕ್ಕದ ಗೋವಾದಲ್ಲಿ ಪೋರ್ಚುಗೀಸರ ಕಾಲದ ಸಿವಿಲ್ ಸಂಹಿತೆ ಉಳಿದಿರುವುದರಿಂದ ಅಲ್ಲಿ ಹೆಚ್ಚುಕಡಿಮೆ ಹಾಗಿದೆ. ಹೆಂಡತಿಯ ಒಪ್ಪಿಗೆಯಿಲ್ಲದೆ ಗಂಡ ಸ್ಥಿರಾಸ್ತಿ ಪರಭಾರೆ ಮಾಡುವಂತಿಲ್ಲ. ಘಟ್ಟದ ಈಚೆ ಅಂಥ ನಿಯಮವಿಲ್ಲ. ಇಲ್ಲಿ ಕ್ರಯಪತ್ರದಲ್ಲಿ ಯಾರ ಹೆಸರಿದೆಯೋ ಆಸ್ತಿ ಅವರದು. ಹತ್ತು ವರ್ಷ ನಿಮ್ಮ ಸಂಬಳದಿಂದ ಕಂತು ಹೋಗಿದ್ದರೂ ಹೆಸರು ಗಂಡನದೊಂದೇ ಆಗಿದ್ದರೆ, ಆ ಹಣದ ಲೆಕ್ಕವನ್ನು ಗಂಡನ ಹತ್ತಿರ ಕೇಳಬೇಕೇ ಹೊರತು ಬ್ಯಾಂಕಿನ ಹತ್ತಿರ ಅಲ್ಲ.

ಕಾಗದದಲ್ಲಿ ನೀವು ಯಾರು?

ವಕೀಲರ ಬಳಿ ಹೋದಾಗ ಗಂಡನ ದುರ್ನಡತೆಯ ಕಥೆಯಿಂದ ಶುರು ಮಾಡುವವರೇ ಹೆಚ್ಚು. ಆ ಕಥೆ ಇನ್ನೊಂದು ಕೋರ್ಟಿಗೆ ಬೇಕಾದೀತು. ಇಲ್ಲಿ ಮೊದಲು ಬೇಕಾದದ್ದು ಮೂರು ಕಾಗದ: ಕ್ರಯಪತ್ರ, ಸಾಲದ ಒಪ್ಪಂದ, ಮತ್ತು ಹಕ್ಕುಪತ್ರಗಳನ್ನು ಬ್ಯಾಂಕಿನಲ್ಲಿ ಇರಿಸಿದ್ದಕ್ಕೆ ಬರೆದುಕೊಟ್ಟ, ಎಲ್ಲರೂ ಎಂಒಡಿ ಎನ್ನುವ ಪತ್ರ. ಇವು ಕೈಯಲ್ಲಿಲ್ಲದಿದ್ದರೆ ನೋಂದಣಿ ಇಲಾಖೆಯ ಕಾವೇರಿ ಪೋರ್ಟಲ್‌ನಿಂದ ಇಸಿ, ಅಂದರೆ ಋಣಭಾರ ಪತ್ರ, ತೆಗೆಸಿ. ನೋಂದಣಿಯಾದ ಕ್ರಯವೂ ಅಡಮಾನವೂ ಅದರಲ್ಲಿ ದಿನಾಂಕ ಸಮೇತ ಸಿಗುತ್ತವೆ. ಆ ದಿನಾಂಕಗಳ ಮೇಲೆ ಅರ್ಧ ಕೇಸು ನಿಂತಿರುತ್ತದೆ.

ನೀವು ಸಹಮಾಲೀಕರಾಗಿ ಅಡಮಾನಕ್ಕೆ ಸಹಿ ಹಾಕಿದ್ದರೆ, ಅಥವಾ ಬರೀ ಜಾಮೀನು ನಿಂತಿದ್ದರೂ, ಕಾಯ್ದೆಯ ಕಣ್ಣಿಗೆ ನೀವೂ ‘ಸಾಲಗಾರ’ರೇ. ಆ ಪದದ ವ್ಯಾಖ್ಯೆಯಲ್ಲೇ ಅಡಮಾನ ಇಟ್ಟವರು ಮತ್ತು ಜಾಮೀನುದಾರರು ಸೇರಿದ್ದಾರೆ. ಇದರಿಂದ ಹೊಣೆ ಬೀಳುತ್ತದೆ, ನಿಜ. ಆದರೆ ಹಕ್ಕೂ ಬರುತ್ತದೆ. ಸಾಲಗಾರರು ಒಬ್ಬರಿಗಿಂತ ಹೆಚ್ಚಿದ್ದರೆ ಬೇಡಿಕೆ ನೋಟಿಸ್ ಪ್ರತಿಯೊಬ್ಬರಿಗೂ ಜಾರಿಯಾಗಲೇಬೇಕೆಂದು ನಿಯಮವಿದೆ. ದೂರವಾದ ದಂಪತಿಯ ವಿಷಯದಲ್ಲಿ ಬ್ಯಾಂಕುಗಳು ಎಡವುವುದು ಹೆಚ್ಚಾಗಿ ಇಲ್ಲೇ. ಸಾಲ ಮಾಡಿದಾಗ ಕೊಟ್ಟ ವಿಳಾಸಕ್ಕೆ ಎರಡು ಲಕೋಟೆ ಹೋಗುತ್ತವೆ, ಒಂದು ‘ಬಾಗಿಲು ಮುಚ್ಚಿದೆ’ ಎಂದು ವಾಪಸಾಗುತ್ತದೆ. ಇಲ್ಲವೇ ಗಂಡ ಬ್ಯಾಂಕಿನಲ್ಲಿದ್ದ ವಿಳಾಸವನ್ನು ತನ್ನ ಹೊಸ ಬಾಡಿಗೆ ಮನೆಗೆ ಬದಲಿಸಿಕೊಂಡಿರುತ್ತಾನೆ, ಎರಡೂ ಲಕೋಟೆ ಅವನ ಕೈ ಸೇರುತ್ತವೆ, ಅವನು ತುಟಿ ಬಿಚ್ಚುವುದಿಲ್ಲ. ನಿಮ್ಮ ಹೆಸರಿನ ಲಕೋಟೆಯ ಅಂಚೆ ಸ್ವೀಕೃತಿಯಲ್ಲಿ ಯಾರ ಸಹಿ ಇದೆ ಎಂದು ಕೇಳಿ ನೋಡಬೇಕಾದದ್ದು ಇದಕ್ಕೇ. ಮನೆ ಬಿಟ್ಟವರು, ಉಳಿದವರು ಇಬ್ಬರೂ ಬೇರೆಯಾದ ವಾರದಲ್ಲೇ ಬ್ಯಾಂಕಿಗೆ ತಮ್ಮ ಈಗಿನ ವಿಳಾಸ, ಫೋನ್ ನಂಬರು, ಇಮೇಲ್ ಬರೆದು ಕೊಟ್ಟು ಸ್ವೀಕೃತಿ ಮೊಹರು ಹಾಕಿಸಿಕೊಳ್ಳುವುದು ಒಳ್ಳೆಯದು. ಒಂದು ಹಾಳೆಯ ಕೆಲಸ, ಮಾಡುವವರು ಕಡಿಮೆ.

ನಿಮ್ಮ ಹೆಸರು ಎಲ್ಲೂ ಇಲ್ಲದಿದ್ದರೆ ದಾರಿ ಕಿರಿದು, ಆದರೆ ಮುಚ್ಚಿಲ್ಲ. ಸರ್ಫೇಸಿ ಕಾಯ್ದೆಯ 17ನೇ ಸೆಕ್ಷನ್ ಸಾಲ ವಸೂಲಿ ನ್ಯಾಯಮಂಡಳಿಗೆ ಅರ್ಜಿ ಹಾಕುವ ಅವಕಾಶವನ್ನು ‘ಸಾಲಗಾರರೂ ಸೇರಿದಂತೆ ಬಾಧಿತರಾದ ಯಾರಿಗಾದರೂ’ ಕೊಟ್ಟಿದೆ. ಸಾಲಗಾರರಲ್ಲದವರಿಗೆ ಅರ್ಜಿ ಶುಲ್ಕವೂ ಕಡಿಮೆ.

ಸಹಿಯೇ ನಿಮ್ಮದಲ್ಲದಿದ್ದರೆ, ಅಂದರೆ ನಿಮ್ಮ ಪಾಲಿನ ಆಸ್ತಿಯನ್ನು ನಕಲಿ ಸಹಿ ಹಾಕಿ ಅಡವಿಟ್ಟಿದ್ದರೆ, ವಿಷಯ ಪೂರ್ತಿ ಬೇರೆ. ಅಡಮಾನ ಇಡಲು ಅವನಿಗೆ ಹಕ್ಕೇ ಇರಲಿಲ್ಲ ಎನ್ನುವುದು ಮಾಲೀಕತ್ವದ ಪ್ರಶ್ನೆ. ಗಂಡನ ಕುಟುಂಬದ ಆಸ್ತಿಯಲ್ಲಿ ತನ್ನ ಪಾಲು ಕೇಳಿದ ಮಹಿಳೆಯೊಬ್ಬರ ಪ್ರಕರಣದಲ್ಲಿ 2025ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಇದನ್ನು ಬಿಡಿಸಿ ಹೇಳಿತು. ವಿಭಾಗವಾಗದ ಆಸ್ತಿಯನ್ನು ಒಬ್ಬರು ಮಾರಿ, ಕೊಂಡವರು ಅದನ್ನು ಬ್ಯಾಂಕಿಗೆ ಅಡವಿಟ್ಟಿದ್ದರು. ಆ ಕ್ರಯಪತ್ರ, ಅಡಮಾನಪತ್ರ ಸಿಂಧುವೇ ಎಂದು ತೀರ್ಮಾನಿಸುವುದು ಸಿವಿಲ್ ಕೋರ್ಟಿನ ಕೆಲಸ, ಅದಕ್ಕೆ 34ನೇ ಸೆಕ್ಷನ್ ಅಡ್ಡಿಯಲ್ಲ ಎಂದು ನ್ಯಾಯಾಲಯ ಹೇಳಿತು. ನಕಲಿ ಸಹಿಯ ಆರೋಪವಿದ್ದರೆ ಪೊಲೀಸ್ ದೂರು, ಸಿವಿಲ್ ದಾವೆ ಎರಡನ್ನೂ ತಡಮಾಡದೆ ಹೂಡಬೇಕು. ಹರಾಜಿನ ಹಿಂದಿನ ದಿನ ನೆನಪಾದ ನಕಲಿ ಸಹಿಯನ್ನು ಯಾವ ನ್ಯಾಯಾಧೀಶರೂ ಸುಲಭಕ್ಕೆ ನಂಬುವುದಿಲ್ಲ.

ಕ್ಯಾಲೆಂಡರ್ ಹಿಡಿದು ಓದಿ

ಒಂದು ಕಲ್ಪಿತ ಲೆಕ್ಕ ಹಾಕೋಣ. ಜನವರಿ 5ರ ಕಂತು ತಪ್ಪಿತು, ಆಮೇಲಿನವೂ ತಪ್ಪಿದವು. ಬಾಕಿ 90 ದಿನ ದಾಟಿದ ಕೂಡಲೇ, ಅಂದರೆ ಏಪ್ರಿಲ್ ಮೊದಲ ವಾರದಲ್ಲಿ, ಖಾತೆ ಎನ್‌ಪಿಎ, ಅಂದರೆ ವಸೂಲಾಗದ ಸಾಲ, ಆಗುತ್ತದೆ. ಏಪ್ರಿಲ್ 20ಕ್ಕೆ ಬೇಡಿಕೆ ನೋಟಿಸ್ ಕೈಗೆ ಬಂತೆನ್ನಿ. 60 ದಿನದಲ್ಲಿ ಪೂರ್ತಿ ಬಾಕಿ ಕಟ್ಟಿ ಎಂಬುದು ಅದರ ಸಾರ. ಕಂತಿನ ಬಾಕಿಯಲ್ಲ, ಪೂರ್ತಿ ಸಾಲ. ಈ 60 ದಿನದಲ್ಲಿ ಮಾಡಲೇಬೇಕಾದ ಕೆಲಸವೆಂದರೆ ಲಿಖಿತ ಆಕ್ಷೇಪ ಸಲ್ಲಿಸುವುದು. ಬ್ಯಾಂಕು 15 ದಿನದೊಳಗೆ ಕಾರಣ ಸಹಿತ ಉತ್ತರ ಕೊಡಬೇಕು. ವಿಚ್ಛೇದನದ ಕೇಸ್ ನಂಬರು, ಗಂಡ ಕಂತು ನಿಲ್ಲಿಸಿದ ದಿನ, ನೀವು ಕಟ್ಟಬಲ್ಲ ಮೊತ್ತ, ಬಡ್ಡಿ ಲೆಕ್ಕದಲ್ಲಿ ಕಂಡ ತಪ್ಪು ಎಲ್ಲವನ್ನೂ ಬರೆಯಿರಿ. ಬ್ಯಾಂಕು ತಲೆದೂಗುತ್ತದೆಂದಲ್ಲ. ಮುಂದೆ ನ್ಯಾಯಮಂಡಳಿಯ ಮುಂದೆ ನಿಂತಾಗ ‘ಆಗಲೇ ಹೇಳಿದ್ದೆ’ ಎನ್ನಲು ದಾಖಲೆ ಬೇಕು. ಈ ಹಂತದಲ್ಲಿ ಕೇಸು ಹಾಕಲು ಬರುವುದಿಲ್ಲ, ಅದಕ್ಕೆ ಸ್ವಾಧೀನದ ಕ್ರಮ ಶುರುವಾಗಬೇಕು.

ಜುಲೈ 1ಕ್ಕೆ ಗೇಟಿಗೆ ಸ್ವಾಧೀನ ನೋಟಿಸ್ ಬಂತು. ಏಳು ದಿನದೊಳಗೆ ಅದು ಎರಡು ಪತ್ರಿಕೆಗಳಲ್ಲಿ, ಒಂದು ಸ್ಥಳೀಯ ಭಾಷೆಯದರಲ್ಲಿ, ಪ್ರಕಟವಾಗಬೇಕು. ಮನೆಯಿಂದ ಯಾರನ್ನೂ ಹೊರಹಾಕಿಲ್ಲ, ಇದು ಸಾಂಕೇತಿಕ ಸ್ವಾಧೀನ. ‘ಬೀಗ ಹಾಕಿದಾಗ ನೋಡೋಣ’ ಎಂದು ಕೂತವರು ಇಲ್ಲೇ ಕೆಡುತ್ತಾರೆ. ಸಾಂಕೇತಿಕ ಸ್ವಾಧೀನವಾದ ಕೂಡಲೇ ಸಾಲ ವಸೂಲಿ ನ್ಯಾಯಮಂಡಳಿಗೆ, ಅಂದರೆ ಡಿಆರ್‌ಟಿಗೆ, ಹೋಗಬಹುದೆಂದು 2018ರಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿದೆ. ಅವಧಿ 45 ದಿನ. ನಮ್ಮ ಲೆಕ್ಕದಲ್ಲಿ ಅದು ಮುಗಿಯುವುದು ಆಗಸ್ಟ್ 15ಕ್ಕೆ, ಕಚೇರಿಗೆ ರಜೆಯ ದಿನ. ಆಮೇಲೆ ಹರಾಜಿನ ನೋಟಿಸ್ ಬಂದಾಗ ಅದನ್ನೂ ಬೇರೆಯಾಗಿ ಪ್ರಶ್ನಿಸಬಹುದು, ಆದರೆ ಅಷ್ಟರಲ್ಲಿ ಕೈಯಲ್ಲಿದ್ದ ಒಂದು ದೊಡ್ಡ ಹಕ್ಕು ಜಾರಿರುತ್ತದೆ.

ಅದೇ ಋಣ ತೀರಿಸಿ ಆಸ್ತಿ ಬಿಡಿಸಿಕೊಳ್ಳುವ ಹಕ್ಕು. ಹಿಂದೆ ಮಾರಾಟ ಪೂರ್ಣಗೊಳ್ಳುವವರೆಗೂ ಈ ಹಕ್ಕಿತ್ತು. 2016ರ ತಿದ್ದುಪಡಿಯಿಂದ ಅದು ಹರಾಜಿನ ನೋಟಿಸ್ ಪ್ರಕಟವಾಗುವ ದಿನಕ್ಕಿಂತ ಮುಂಚೆಯೇ ಮುಗಿಯುತ್ತದೆ. ಬಾಫ್ನಾ ಮೋಟಾರ್ಸ್ ಪ್ರಕರಣದಲ್ಲಿ 2023ರ ಸೆಪ್ಟೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಇದನ್ನು ಕಟ್ಟುನಿಟ್ಟಾಗಿ ಎತ್ತಿಹಿಡಿಯಿತು. ಆಗಸ್ಟ್ 20ರ ಪತ್ರಿಕೆಯಲ್ಲಿ ಹರಾಜು ಪ್ರಕಟಣೆ ಬಂದರೆ, ಹಕ್ಕೆಂದು ಕೇಳಿ ಬಿಡಿಸಿಕೊಳ್ಳಲು ಕೊನೆಯ ದಿನ ಆಗಸ್ಟ್ 19. ಹರಾಜು ನಡೆಯುವುದು ಅದಕ್ಕೆ 30 ದಿನ ಬಿಟ್ಟು. ಆ ತಿಂಗಳಲ್ಲಿ ಅಣ್ಣನ ಹತ್ತಿರ, ಚಿನ್ನ ಇಟ್ಟು, ಚೀಟಿ ಎತ್ತಿ ಹಣ ಹೊಂದಿಸಿಕೊಂಡು ಬ್ಯಾಂಕಿಗೆ ಓಡಿ ಬಂದವರು ಬ್ಯಾಂಕಿನ ಮರ್ಜಿಯ ಮೇಲೆ ನಿಂತಿರುತ್ತಾರೆ. ಈ ತಿದ್ದುಪಡಿ ಸಾಮಾನ್ಯ ಮನೆ ಸಾಲಗಾರರ ಮಟ್ಟಿಗೆ ತೀರಾ ಕಠಿಣ ಎಂಬುದು ನನ್ನ ಅಭಿಪ್ರಾಯ. ಆದರೆ ಕಾನೂನು ಸದ್ಯಕ್ಕೆ ಹಾಗಿದೆ.

ಸಹಮಾಲೀಕರೊಬ್ಬರೇ ಪೂರ್ತಿ ಸಾಲ ತೀರಿಸಿದರೆ ಆ ಹಣ ನೀರಿಗೆ ಹಾಕಿದಂತಲ್ಲ. ಸ್ವತ್ತು ಹಸ್ತಾಂತರ ಕಾಯ್ದೆಯ 92ನೇ ಸೆಕ್ಷನ್ ಪ್ರಕಾರ ಬಿಡಿಸಿಕೊಂಡವರು ಬ್ಯಾಂಕಿನ ಜಾಗದಲ್ಲಿ ನಿಂತು, ಇನ್ನೊಬ್ಬರ ಪಾಲಿನ ಹಣವನ್ನು ಅವರ ಪಾಲಿನ ಆಸ್ತಿಯಿಂದ ಕೇಳಬಹುದು. ಏಕಕಾಲಿಕ ತೀರುವಳಿ, ಒಟಿಎಸ್ ಎನ್ನುತ್ತೇವಲ್ಲ, ಅದನ್ನು ಒಬ್ಬರೇ ಕೇಳಬಹುದು, ಆದರೆ ಅದು ಹಕ್ಕಲ್ಲ, ಕೊಡುವುದು ಬಿಡುವುದು ಬ್ಯಾಂಕಿಗೆ ಬಿಟ್ಟದ್ದು.

ಡಿಆರ್‌ಟಿ ಏನು ನೋಡುತ್ತದೆ

ಕರ್ನಾಟಕದ ಎರಡೂ ಡಿಆರ್‌ಟಿಗಳು ಇರುವುದು ಬೆಂಗಳೂರಿನಲ್ಲಿ. ಬೀದರ್‌ನವರಾದರೂ ಕಾರವಾರದವರಾದರೂ ಇಲ್ಲಿಗೇ ಬರಬೇಕು. ಅರ್ಜಿ ಹಾಕಲು ಸಾಲದ ಭಾಗವನ್ನು ಮುಂಗಡ ಕಟ್ಟಬೇಕೆಂಬ ಭಯ ಹಲವರಿಗಿದೆ. 75 ಶೇಕಡಾ ಕಟ್ಟಬೇಕೆಂದಿದ್ದ ಹಳೆಯ ಷರತ್ತನ್ನು ಮಾರ್ಡಿಯಾ ಕೆಮಿಕಲ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2004ರಲ್ಲೇ ತೆಗೆದುಹಾಕಿತು. ಮುಂಗಡ ಠೇವಣಿ ಬೇಕಾಗುವುದು ಇಲ್ಲಿ ಸೋತು ಮೇಲ್ಮನವಿಗೆ ಹೋದಾಗ: ಸಾಲಗಾರರು ಬಾಕಿಯ ಅರ್ಧ ಕಟ್ಟಬೇಕು, ಅದನ್ನು ಕಾಲುಭಾಗದವರೆಗೆ ಇಳಿಸುವ ಅಧಿಕಾರ ಮೇಲ್ಮನವಿ ಮಂಡಳಿಗಿದೆ. ಆದರೂ ಒಂದು ವಾಸ್ತವ ಹೇಳಲೇಬೇಕು. ಮಧ್ಯಂತರ ತಡೆ ಕೇಳಿದಾಗ ಡಿಆರ್‌ಟಿ ‘ಎಷ್ಟು ಕಟ್ಟುತ್ತೀರಿ?’ ಎಂದು ಕೇಳುವುದು ವಾಡಿಕೆ. ಬರಿಗೈಲಿ ಹೋದ ಅರ್ಜಿಗೂ ಕೈಯಲ್ಲಿ ಒಂದಿಷ್ಟು ಹಣ ಹಿಡಿದು ಹೋದ ಅರ್ಜಿಗೂ ಅಲ್ಲಿ ಸಿಗುವ ಕಿವಿ ಬೇರೆ.

ಅಲ್ಲಿ ಗಂಡ ಹೆಂಡತಿಯ ಜಗಳ ಎತ್ತಿದರೆ ಪೀಠ ಕೇಳಿಸಿಕೊಳ್ಳುವುದಿಲ್ಲ. ಅದು ನೋಡುವುದು ಬ್ಯಾಂಕು ಕಾಯ್ದೆ ಹೇಳಿದಂತೆ ನಡೆದುಕೊಂಡಿತೇ ಎಂಬುದನ್ನು ಮಾತ್ರ. ನೋಟಿಸ್ ಇಬ್ಬರಿಗೂ ಮುಟ್ಟಿತೇ, ಆಕ್ಷೇಪಕ್ಕೆ ಉತ್ತರ ಬಂತೇ, ಪತ್ರಿಕೆಯಲ್ಲಿ ಬಂದ ಚಕ್ಕುಬಂದಿ ಸರಿಯಿದೆಯೇ, ಮಾರುವ ಮುನ್ನ ಸಾಲಗಾರರಿಗೆ 30 ದಿನದ ನೋಟಿಸ್ ಸಿಕ್ಕಿತೇ. ಮೀಸಲು ಬೆಲೆಯನ್ನು ಅನುಮೋದಿತ ಮೌಲ್ಯಮಾಪಕರ ವರದಿ ಇಟ್ಟುಕೊಂಡು ನಿಗದಿ ಮಾಡಿದರೇ. ಈ ಕೊನೆಯದರ ಮೇಲೆ ಸ್ವಲ್ಪ ನಿಲ್ಲಬೇಕು. ಒಳಗೆ ಹೆಂಡತಿ ಮಕ್ಕಳಿದ್ದಾರೆ, ಜಗಳ ನಡೆದಿದೆ ಎಂದು ಗೊತ್ತಾದರೆ ಕೊಳ್ಳುವವರು ಹಿಂಜರಿಯುತ್ತಾರೆ, ಬೆಲೆ ತಾನಾಗಿ ಇಳಿಯುತ್ತದೆ. ಅಕ್ಕಪಕ್ಕದ ಮನೆಗಳ ಇತ್ತೀಚಿನ ನೋಂದಾಯಿತ ಕ್ರಯಪತ್ರಗಳು, ಸರ್ಕಾರಿ ಮಾರ್ಗಸೂಚಿ ದರ, ನಿಮ್ಮದೇ ಮೌಲ್ಯಮಾಪಕರ ಒಂದು ವರದಿ ಕೈಯಲ್ಲಿದ್ದರೆ ವಾದಕ್ಕೆ ಬಲ ಬರುತ್ತದೆ. ‘ನಮ್ಮ ಮನೆಗೆ ಒಂದು ಕೋಟಿ ಬರುತ್ತಿತ್ತು’ ಎಂಬ ಬಾಯಿಮಾತಿಗೆ ಬೆಲೆಯಿಲ್ಲ.

ಕಾಯ್ದೆಯೇ ಅನ್ವಯಿಸದ ಕೆಲವು ಸಂದರ್ಭಗಳೂ ಇವೆ. ಕೃಷಿ ಜಮೀನಿನ ಮೇಲೆ ಇದನ್ನು ಬಳಸುವಂತಿಲ್ಲ. ಪರಿವರ್ತನೆಯಾಗದ ತೋಟದ ಮೂಲೆಯಲ್ಲಿ ಮನೆ ಕಟ್ಟಿ ಸಾಲ ಪಡೆದವರು ಪಹಣಿ ತೆಗೆದು ನೋಡಿ. ಬಾಕಿ ಅಸಲು ಬಡ್ಡಿಯ 20 ಶೇಕಡಾಕ್ಕಿಂತ ಕಡಿಮೆ ಉಳಿದಿದ್ದರೂ ಬಳಸುವಂತಿಲ್ಲ. ಹದಿನೈದು ವರ್ಷ ಕಂತು ಕಟ್ಟಿ ಕೊನೆಯಲ್ಲಿ ಮುಗ್ಗರಿಸಿದವರಿಗೆ ಇದು ಉಪಯೋಗಕ್ಕೆ ಬರಬಹುದು.

ನೇರವಾಗಿ ಹೈಕೋರ್ಟಿಗೆ ರಿಟ್ ಹಾಕಿಬಿಡೋಣ ಎಂಬ ಸಲಹೆ ಸಿಗುತ್ತಲೇ ಇರುತ್ತದೆ. ಡಿಆರ್‌ಟಿ ಎಂಬ ಮಾರ್ಗ ಇರುವಾಗ ಹೈಕೋರ್ಟುಗಳು ಇಂಥ ರಿಟ್ ಕೈಗೆತ್ತಿಕೊಳ್ಳಬಾರದೆಂದು 2010ರಿಂದ ಸುಪ್ರೀಂ ಕೋರ್ಟ್ ಮತ್ತೆ ಮತ್ತೆ ಹೇಳಿದೆ. ಡಿಆರ್‌ಟಿಯ ಪೀಠವೇ ಖಾಲಿ ಇದ್ದಂಥ ಸಂದರ್ಭ ಬಿಟ್ಟರೆ, ಆ ದಾರಿಯಲ್ಲಿ ಕಳೆದುಹೋಗುವುದು ನಿಮ್ಮ 45 ದಿನ.

ವಾಸದ ಹಕ್ಕು ಎಲ್ಲಿಯವರೆಗೆ

2005ರ ಕೌಟುಂಬಿಕ ದೌರ್ಜನ್ಯ ತಡೆ ಕಾಯ್ದೆ ಹೆಂಡತಿಗೆ ಕುಟುಂಬ ವಾಸಿಸಿದ ಮನೆಯಲ್ಲಿ ಇರುವ ಹಕ್ಕು ಕೊಟ್ಟಿದೆ, ಮನೆ ಯಾರ ಹೆಸರಿನಲ್ಲೇ ಇರಲಿ. ಬೆಂಗಳೂರು ಉತ್ತರದ ಒಂದು ಮನೆಯಿಂದ ಸೊಸೆಯನ್ನು ಹಿರಿಯ ನಾಗರಿಕರ ಕಾಯ್ದೆ ಬಳಸಿ ಹೊರಹಾಕಲು ಹೊರಟ ಪ್ರಕರಣದಲ್ಲಿ, 2020ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಆಕೆಯ ವಾಸದ ಹಕ್ಕನ್ನು ಗಟ್ಟಿಯಾಗಿ ಕಾಪಾಡಿತು. ಆದರೆ ಅಲ್ಲಿ ಎದುರಿಗಿದ್ದವರು ಅತ್ತೆ ಮಾವ. ಬ್ಯಾಂಕು ಎದುರಿಗಿದ್ದಾಗ ಇದೇ ಹಕ್ಕು ಅಷ್ಟು ದೂರ ಹೋಗುವುದಿಲ್ಲ. ಜಗಳಕ್ಕೆ ಮುಂಚೆಯೇ, ಸರಿಯಾಗಿ ಆದ ಅಡಮಾನವನ್ನು ವಾಸದ ಹಕ್ಕು ಅಳಿಸಿಹಾಕುವುದಿಲ್ಲ.

ಹಾಗಂತ ಈ ಕಾಯ್ದೆಯನ್ನು ಬದಿಗಿಡಬೇಕಿಲ್ಲ. ಬೇಗ ಬಳಸಿದರೆ ಇದರ ಶಕ್ತಿ ಬೇರೆ. ಮನೆಯನ್ನು ಮಾರದಂತೆ, ಹೊಸದಾಗಿ ಅಡವಿಡದಂತೆ ಗಂಡನನ್ನು ತಡೆಯುವ ಆದೇಶ 19ನೇ ಸೆಕ್ಷನ್‌ನಲ್ಲಿ ಸಿಗುತ್ತದೆ. ಅದರ ಪ್ರತಿಯನ್ನು ಸಾಲ ಕೊಟ್ಟ ಬ್ಯಾಂಕಿಗೂ ಸಬ್ ರಿಜಿಸ್ಟ್ರಾರ್ ಕಚೇರಿಗೂ ಕೊಟ್ಟು ಸ್ವೀಕೃತಿ ಪಡೆದಿಡಿ. ಆಮೇಲೂ ಬ್ಯಾಂಕು ಅದೇ ಮನೆಯ ಮೇಲೆ ಟಾಪ್-ಅಪ್ ಸಾಲ ಕೊಟ್ಟರೆ, ಗೊತ್ತಿರಲಿಲ್ಲ ಎಂದು ಹೇಳಲು ಅದಕ್ಕೆ ಬರುವುದಿಲ್ಲ. ಅದೇ ಆದೇಶದಲ್ಲಿ ಗಂಡ ಬದಲಿ ಮನೆ ಕೊಡಬೇಕು ಇಲ್ಲವೇ ಬಾಡಿಗೆ ಕಟ್ಟಬೇಕು ಎಂದೂ ಕೇಳಬಹುದು. ಹರಾಜು ತಪ್ಪುವುದಿಲ್ಲ ಎನ್ನಿಸಿದಾಗ ಇದನ್ನೇ ಮುಂದೆ ಮಾಡುವುದು ವಿವೇಕ.

ಮನೆ ಹೋದರೂ ಹಣ ಉಳಿದೀತು

ಹರಾಜು ನಿಲ್ಲಿಸುವ ಗಡಿಬಿಡಿಯಲ್ಲಿ ಎಲ್ಲರೂ ಮರೆಯುವುದು ಇದನ್ನು. 42 ಲಕ್ಷದ ಬಾಕಿಗೆ ಮನೆ 70 ಲಕ್ಷಕ್ಕೆ ಹೋದರೆ, ಖರ್ಚು ಕಳೆದು ಉಳಿದದ್ದನ್ನು ಬ್ಯಾಂಕು ಹಕ್ಕುದಾರರಿಗೆ ಕೊಡಬೇಕು. ಯಾರಿಗೆ? ಹೆಸರು ಗಂಡನದೊಂದೇ ಇದ್ದರೆ ಅವನ ಖಾತೆಗೆ ಜಮೆಯಾಗಿ ಸಂಜೆಯೊಳಗೆ ಬೇರೆಲ್ಲೋ ಹೋಗಿಬಿಡಬಹುದು. ಕುಟುಂಬ ನ್ಯಾಯಾಲಯದ ಆದೇಶ ನಿಜವಾಗಿ ಕೆಲಸಕ್ಕೆ ಬರುವುದು ಇಲ್ಲಿ. ಹರಾಜನ್ನು ತಡೆಯಲು ಅದಕ್ಕೆ ಅಧಿಕಾರವಿಲ್ಲದಿರಬಹುದು, ಆದರೆ ದಂಪತಿಯ ಆಸ್ತಿಯ ವ್ಯಾಜ್ಯ ನೋಡುವ ಅಧಿಕಾರ ಅದಕ್ಕಿದೆ. ಉಳಿಕೆ ಹಣವನ್ನು ಗಂಡ ಮುಟ್ಟಬಾರದು, ನ್ಯಾಯಾಲಯದಲ್ಲಿ ಠೇವಣಿಯಾಗಲಿ ಎಂದು ಅರ್ಜಿ ಹಾಕಿ, ಆದೇಶವನ್ನು ಹರಾಜಿಗೆ ಮುಂಚೆಯೇ ಬ್ಯಾಂಕಿಗೆ ತಲುಪಿಸಿ.

ಜೀವನಾಂಶದ ಬಾಕಿ ಇದ್ದರೆ ಇನ್ನೊಂದು ಹೆಜ್ಜೆ ಮುಂದೆ ಹೋಗಬಹುದು. ಉದ್ಯಮಿಯೊಬ್ಬನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2024ರ ಡಿಸೆಂಬರ್‌ನಲ್ಲಿ ಹೆಂಡತಿ ಮಕ್ಕಳ ಜೀವನಾಂಶದ ಬಾಕಿಗೆ ಅವನ ಆಸ್ತಿಯ ಮೇಲೆ ಅಡಮಾನದಾರರಿಗಿಂತಲೂ ಮೊದಲ ಹಕ್ಕು ಕೊಟ್ಟಿತು. ಜೀವನಾಂಶ ಬದುಕುವ ಹಕ್ಕಿಗೆ ಸೇರಿದ್ದು ಎಂಬುದು ಅದರ ತರ್ಕ. ನೆನಪಿಡಿ, ಇದರ ಮಾತು ‘ಬಾಕಿ’ಯ ಬಗ್ಗೆ. ಅಂದರೆ ನ್ಯಾಯಾಲಯ ಮೊತ್ತ ನಿಗದಿ ಮಾಡಿ, ಅವನು ಕೊಡದೆ ಉಳಿಸಿಕೊಂಡಿರಬೇಕು. ಮಧ್ಯಂತರ ಜೀವನಾಂಶದ ಅರ್ಜಿಯನ್ನೇ ಹಾಕದೆ ಈ ತೀರ್ಪು ಹಿಡಿದು ಹೋದರೆ ಪ್ರಯೋಜನವಿಲ್ಲ.

ಉಲ್ಟಾ ಆಗುವುದೂ ಉಂಟು. ಮನೆ 35 ಲಕ್ಷಕ್ಕೇ ಹೋದರೆ ಉಳಿದ 7 ಲಕ್ಷಕ್ಕೆ ಬ್ಯಾಂಕು ಸಹ-ಸಾಲಗಾರರಲ್ಲಿ ಯಾರನ್ನು ಬೇಕಾದರೂ ಹಿಡಿಯಬಹುದು. ‘ಸಾಲವನ್ನು ಗಂಡನೇ ತೀರಿಸತಕ್ಕದ್ದು’ ಎಂದು ವಿಚ್ಛೇದನದ ರಾಜಿಪತ್ರದಲ್ಲಿ ಎಷ್ಟು ದಪ್ಪಕ್ಷರದಲ್ಲಿ ಬರೆದಿದ್ದರೂ ಅದು ಬ್ಯಾಂಕಿಗೆ ಅನ್ವಯಿಸದು. ಆ ಸಾಲು ನಿಮಗೆ ಕೊಡುವುದು ಕಟ್ಟಿದ ಹಣವನ್ನು ಅವನಿಂದ ವಾಪಸ್ ಕೇಳುವ ಹಕ್ಕನ್ನು ಮಾತ್ರ. ಮಧ್ಯಸ್ಥಿಕೆಯಲ್ಲಿ ಒಪ್ಪಂದವಾಗುವಾಗ ಬ್ಯಾಂಕಿನ ಲಿಖಿತ ಒಪ್ಪಿಗೆ ಪಡೆದು, ನಿಮ್ಮ ಹೆಸರನ್ನು ಸಾಲದಿಂದ ತೆಗೆಸಿದ ಮೇಲೆಯೇ ಮನೆಯ ಪಾಲಿನ ಹಕ್ಕು ಬಿಡುಗಡೆ ಪತ್ರಕ್ಕೆ ಸಹಿ ಹಾಕಿ. ಹಲವರು ಇದನ್ನು ಹಿಂದುಮುಂದು ಮಾಡುತ್ತಾರೆ. ಆಗ ಮನೆ ಹೋಗಿರುತ್ತದೆ, ಸಾಲ ಮಾತ್ರ ತಮ್ಮ ಹೆಸರಿನಲ್ಲೇ ಇರುತ್ತದೆ.

ಹೇಗೋ ಹಣ ಹೊಂದಿಸಿ ಸಾಲ ತೀರಿಸಿದಿರಿ ಎನ್ನೋಣ. ರಿಸರ್ವ್ ಬ್ಯಾಂಕಿನ 2023ರ ಸುತ್ತೋಲೆಯಂತೆ 30 ದಿನದೊಳಗೆ ಬ್ಯಾಂಕು ಮೂಲ ಪತ್ರಗಳನ್ನು ಹಿಂತಿರುಗಿಸಬೇಕು. ಅದರದೇ ತಪ್ಪಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ. ಪತ್ರ ತೆಗೆದುಕೊಳ್ಳಲು ಒಬ್ಬರೇ ಬಂದರೆ ಕೊಡಬೇಡಿ, ಇಬ್ಬರ ಸಹಿಯೂ ಇರಲಿ ಎಂದು ಕೊನೆಯ ಕಂತು ಕಟ್ಟುವ ದಿನವೇ ಮ್ಯಾನೇಜರಿಗೆ ಬರೆದುಕೊಟ್ಟು, ಪ್ರತಿಯ ಮೇಲೆ ಮೊಹರು ಹಾಕಿಸಿಕೊಂಡು ಬನ್ನಿ.